ಅವ್ವನ ಪುಸ್ತಕದ ಅವಧಿ

ಗ್ರಂಥಾಲಯದ ಇ-ಪುಸ್ತಕದ ಅವಧಿ ಮುಗಿದರೆ, ಅದರಲ್ಲಿ ಓದಿದ್ದೆಲ್ಲ ತಲೆಯಿಂದಲೂ ವಾಪಸು ಹೋಗುತ್ತಿತ್ತು. ಕಾನೂನೇ ಹಾಗಿತ್ತು; ಧಾರವಾಡದ ಓದುಗರು ಕಾದಂಬರಿಯೊಂದನ್ನು ಮರೆತು, ಅದನ್ನೇ ಮತ್ತೆ ಪಡೆದು, ಹೊಸದಾಗಿ ಅಳುತ್ತಿದ್ದರು.

ನೀಲಾಂಬಿಕಾ ತಮ್ಮ ಆತ್ಮಕಥೆಯಲ್ಲಿ ಮಗಳು ಕಸ್ತೂರಿಯ ಹೆರಿಗೆ, ಬಾಲ್ಯ, ಮದುವೆ, ತಾಯಿ-ಮಗಳ ಜಗಳ ಯಾವುದನ್ನೂ ಬಿಟ್ಟಿರಲಿಲ್ಲ. "ಕದ್ದ ಪ್ರತಿ ಓದಬ್ಯಾಡವಾ, ಗ್ರಂಥಾಲಯದಾಗ ತಗೊಂಡು ಓದು," ಎಂದು ಮಗಳಿಗೆ ತಾವೇ ತಾಕೀತು ಮಾಡಿದ್ದರು.

ಕಸ್ತೂರಿ ಹಾಗೇ ಪಡೆದು ಓದಿದಳು. ಅವಧಿ ಮುಗಿದದ್ದು ಗಮನಕ್ಕೆ ಬಾರದೆ, ಮರುದಿನ ನೀಲಾಂಬಿಕಾ ಪುಸ್ತಕ ಹೇಗನಿಸಿತೆಂದು ಕೇಳುವ ಆಸೆಯಿಂದ ಅವಳ ಮನೆಗೆ ಹೋದರು. ಕಸ್ತೂರಿ ಕದ ತೆರೆದು, "ಯಾರು ಬೇಕಾಗಿತ್ರಿ?" ಎಂದಳು.

ನೀಲಾಂಬಿಕಾ ಹೊಸ್ತಿಲಲ್ಲೇ ಅತ್ತುಬಿಟ್ಟರು. "ಕಸ್ತೂರಿ, ನಾನವಾ... ನಿಮ್ಮವ್ವ!"

ಕಸ್ತೂರಿ ಮರುಗಿ, ಅವರನ್ನು ಕೈಹಿಡಿದು ಕೂರಿಸಿ ನೀರು ಕೊಟ್ಟಳು.

"ಅಳಬ್ಯಾಡ್ರಿ ಅಮ್ಮಾರ. ನನಗ ನಮ್ಮವ್ವನ ಮಾರಿ ಸುದ್ದಾ ನೆನಪಿಲ್ಲ."