ಕೊಟ್ರಪ್ಪಜ್ಜನ ಅವ್ವನ ವಿಡಿಯೊ

ಬೀದಿ ಕ್ಯಾಮೆರಾಗಳು ಅರವತ್ತು ವರ್ಷ ಕಂಡದ್ದೆಲ್ಲ ಜನರ ಕೈಗೆ ಸಿಗುವಂತಾದ ಮೇಲೆ, ಸತ್ತವರನ್ನು ನೋಡಲು ಊರವರು ಹುಡುಕಾಟದ ಕಚೇರಿಗೆ ಬರುತ್ತಿದ್ದರು. ಅವರು ಗೀಚಿಕೊಟ್ಟ ಅಡ್ಡಾದಿಡ್ಡಿ ಪದಗಳಿಗೆ ಅರ್ಥ ಹಚ್ಚಿ, ಬೇಕಾದ ವಿಡಿಯೊ ಹುಡುಕಿಕೊಡುವುದು ಸರ್ವಮಂಗಳೆಯ ಕೆಲಸ. ಹತ್ತು ಪ್ರಶ್ನೆ ಕೇಳದೆ ಅವಳು ಗುಂಡಿ ಒತ್ತುತ್ತಿರಲಿಲ್ಲ. ಹೀಗಾಗಿ ಹೊಸಬಳಾದ ಜರೀನಾಳ ಕಿಟಕಿಗೇ ಜನ ಮುಗಿಬೀಳುತ್ತಿದ್ದರು.

ಕೊಟ್ರಪ್ಪಜ್ಜನ ಚೀಟಿಯಲ್ಲಿ ‘ಅವ್ವ ಹಗ್ಗ ಕೋಳಿ ನಗು ಮಂಗಳವಾರ’ ಎಂದಿತ್ತು. ಮಂಗಳವಾರವೆಂದರೆ ಯಾವ ಊರಿನ ಸಂತೆಯೆಂದು ಸರ್ವಮಂಗಳೆ ಕೇಳುವಷ್ಟರಲ್ಲಿ ಅಜ್ಜ ಪಕ್ಕದ ಕಿಟಕಿಗೆ ಸರಿದಿದ್ದ. ಜರೀನಾ ಒಂದೇ ಏಟಿಗೆ ವಿಡಿಯೊ ತೆಗೆದಳು. ಕೋಳಿ ಹಿಡಿದ ಹೆಂಗಸೊಬ್ಬಳು ನಗುತ್ತಿದ್ದಳು.

“ಚಲೋ ಆತವ್ವಾ,” ಎಂದು ಅಜ್ಜ ಹರಸಿದ.

ಸರ್ವಮಂಗಳೆಯ ಹೊಟ್ಟೆ ಉರಿಯಿತು. ಆದರೆ ವಿಡಿಯೊದ ಮೂಲೆಯಲ್ಲಿ ನಮೂದಾಗಿದ್ದ ವಾರ ಮಂಗಳವಾರವಲ್ಲ, ಶುಕ್ರವಾರ. ಹೇಳಿದರೆ ಹೊಟ್ಟೆಕಿಚ್ಚು ಎಂದಾರು, ಹೇಳದಿದ್ದರೆ ಅಜ್ಜನಿಗೆ ಮೋಸ. ಕೊನೆಗೆ ಬಾಗಿಲಲ್ಲಿ ಅವನನ್ನು ತಡೆದಳು.

“ಅಜ್ಜಾರ, ಅದು ನಿಮ್ಮ ಅವ್ವ ಅಲ್ಲ ಅನ್ಸತ್ತ.”

“ಗೊತ್ತೈತಿ ತಂಗಿ. ಆ ಹುಡುಗಿ ಅಷ್ಟು ಖುಷಿಲೆ ತೋರಿಸಿದ್ಲು, ಅಲ್ಲ ಅನ್ನಾಕ ಮನಸ್ಸು ಬರಲಿಲ್ಲ. ನೀ ಆಕಿಗೆ ಹೇಳಬ್ಯಾಡ ಮತ್ತ. ಖರೇ ವಿಡಿಯೊ ಕೇಳಾಕ ನಾಳೆ ನಿನ್ನ ಕಡೆ ಬರ್ತೀನಿ.”

ತಲೆಯಾಡಿಸಿ ಅವಳು ತನ್ನ ಕಿಟಕಿಗೆ ಮರಳಿದಳು. ಈ ಕೆಲಸದ ಹದಿನಾರು ವರ್ಷದಲ್ಲಿ ಸರ್ವಮಂಗಳೆಯ ತಪ್ಪನ್ನು ಒಬ್ಬರೂ ಹೀಗೆ ನುಂಗಿಕೊಂಡಿರಲಿಲ್ಲ.