ಗಂಟಲಿಗೆ ವಿಶ್ರಾಂತಿ

ಅಡುಗೆಮನೆಯ ಚಿಲಕ ಟಿಕ್ಕೆಂದಿತು. ಅಷ್ಟೇ. ಹಾಸಿಗೆಯ ಆ ಬದಿ ಖಾಲಿ. ದಿಂಬು ಇನ್ನೂ ಬೆಚ್ಚಗಿತ್ತು.

ಅವಳು ಬರಿಗಾಲಲ್ಲಿ ನಡೆದು ಮುಚ್ಚಿದ ಬಾಗಿಲಿಗೆ ಕಿವಿಗೊಟ್ಟಳು. ಒಳಗೆ ಗಂಡ ಫೋನಿನಲ್ಲಿ ಪಿಸುಗುಡುತ್ತಿದ್ದ.

"ಊಟ ಆಯ್ತಾ?... ಸುಳ್ಳು ಹೇಳ್ಬೇಡ... ಇಲ್ಲ, ಈಗ ಬರೋಕಾಗಲ್ಲ. ಕೆಲಸ ಮುಗೀಲಿ... ನಿನ್ನ ಬಿಟ್ರೆ ನಂಗಿನ್ಯಾರಿದಾರೆ, ಹೇಳು."

ವಾಪಸು ಬಂದು ಮಲಗಿದಳು. ಅಳು ಬರಬಹುದೆಂದು ಕಾದಳು. ಬರಲಿಲ್ಲ.

ಅವನು ಮಾತಾಡುವಂತೆಯೇ ಇರಲಿಲ್ಲ. ಅವನದು ಕಂಠದಾನದ ಕೆಲಸ. ಟೀವಿಯ ಅಪರಾಧ ಧಾರಾವಾಹಿಯೊಂದರಲ್ಲಿ, ನಿದ್ದೆಗೆಟ್ಟು, ಮನೆಮಾರು ಮರೆತು ಕೊಲೆಗಾರನ ಬೆನ್ನು ಹತ್ತಿದ ಪತ್ತೇದಾರನ ಪಾತ್ರ ಮಾಡುತ್ತಿದ್ದ ನಟ, ಚಿತ್ರೀಕರಣ ಮುಗಿದ ವಾರವೇ ಎದೆನೋವಿನಿಂದ ತೀರಿಕೊಂಡಿದ್ದ. ಧ್ವನಿಯಿಲ್ಲದ ಕಂತುಗಳು ಉಳಿದಿದ್ದವು. ಸತ್ತ ನಟನ ಆ ಒಡಕು ಧ್ವನಿ ಹೊರಟದ್ದು ಇವನ ಗಂಟಲಿನಿಂದ ಮಾತ್ರ. ಗಂಟಲು ಕೆಟ್ಟಿತು. ಸ್ಟುಡಿಯೋ ಬಿಟ್ಟರೆ ಬೇರೆಲ್ಲೂ ಬಾಯಿ ತೆರೆಯಕೂಡದೆಂದು ವೈದ್ಯರು ಕಟ್ಟಪ್ಪಣೆ ಮಾಡಿದರು.

ಹಾಗಾಗಿ ಮನೆಯಲ್ಲಿ ಬರೀ ಕೈಸನ್ನೆ. ಉಪ್ಪು ಬೇಕಾದರೆ ಬೆರಳು ಉಜ್ಜುತ್ತಿದ್ದ. ಸಾಕಾದರೆ ತಟ್ಟೆಗೆ ಅಂಗೈ ಅಡ್ಡ. ಅವಳ ಹುಟ್ಟುಹಬ್ಬದಂದು ಹೆಬ್ಬೆರಳು ಎತ್ತಿ ತೋರಿಸಿದ್ದ.

ಆ ಗಂಟಲನ್ನು ರಾತ್ರಿ ಯಾರಿಗೋ ಖರ್ಚು ಮಾಡುತ್ತಿದ್ದ.

ಮರುದಿನ ಅಕ್ಕನಿಗೆ ಫೋನ್ ಮಾಡಿದಳು.

"ಗಂಡಸು ರಾತ್ರಿ ಪಿಸುಗುಟ್ಟೋದು ಎರಡಕ್ಕೇ ಕಣೆ," ಎಂದಳು ಅಕ್ಕ. "ಒಂದು ಸಾಲ, ಇನ್ನೊಂದು ಹೆಂಗಸು. ಸಾಲ ಕೊಟ್ಟವರನ್ನ ಯಾರೂ ಊಟ ಆಯ್ತಾ ಅಂತ ಕೇಳಲ್ಲ."

"ಪಿಸುಮಾತಲ್ಲೂ ಆ ಪತ್ತೇದಾರನ ಧ್ವನೀನೇ, ಅಕ್ಕಾ. ಇವರದ್ದಲ್ಲ."

"ಹಾಗಾದ್ರೆ ಅಭಿಮಾನಿ. ಅದ್ಸರಿ, ಕೊಲೆ ಮಾಡಿದ್ದು ಯಾರಂತೆ? ಅವನನ್ನ ಬಿಡೋ ಮುಂಚೆ ಅದೊಂದು ಕೇಳಿಟ್ಕೋ."

ಬಿಡುವುದು. ಆ ಮಾತನ್ನು ದಿನವಿಡೀ ನಾಲಿಗೆಯ ಮೇಲೆ ಹೊರಳಿಸಿದಳು. ಯಾವ ರುಚಿಯೂ ಇರಲಿಲ್ಲ. ಕಪಾಟಿನ ಮೇಲಿಂದ ಸೂಟ್‌ಕೇಸ್ ಇಳಿಸಿ, ಧೂಳು ಒರೆಸಿ, ಮಂಚದ ಪಕ್ಕ ಇಟ್ಟಳು. ಅವನು ಅದನ್ನು ನೋಡಿ ಹುಬ್ಬೇರಿಸಿದ. ಏನಿಲ್ಲ ಎಂದು ಅವಳೂ ಕೈಯಲ್ಲೇ ಹೇಳಿದಳು.

ಕೊನೆಯ ಕಂತಿಗೆ ಧ್ವನಿ ಕೊಡಬೇಕಾದ ದಿನ ಅವನು ಫೋನು ಮರೆತು ಹೋದ. ಮಧ್ಯಾಹ್ನ ಅದು ಮೇಜಿನ ಮೇಲೆ ಗುಂಯ್‌ಗುಟ್ಟಿತು. ಹೆಸರಿನ ಜಾಗದಲ್ಲಿ ಒಂದು ಚುಕ್ಕೆ.

ಎತ್ತಿದಳು. ಮಾತಾಡಲಿಲ್ಲ.

"ಅವನಿಲ್ವಾ?" ಮುದುಕಿಯೊಬ್ಬಳ ಧ್ವನಿ. "ನೀನು ಅವನ ಹೆಂಡ್ತೀನಾ?"

"ಹೌದು. ನೀವು?"

"ಪತ್ತೇದಾರನ ಪಾತ್ರ ಮಾಡ್ತಿದ್ನಲ್ಲಮ್ಮ, ಅವನ ತಾಯಿ. ಮಗ ಹೋದದ್ದು ನಂಗೆ ಗೊತ್ತಿಲ್ಲ ಅಂದ್ಕೊಂಡಿದ್ದಾಳೆ ಮಗಳು. ಯಾರಾದ್ರೂ ಬಾಯಿಬಿಟ್ರೂ ನಾನು ನಂಬಬಾರದು ಅಂತ, ನಿನ್ನ ಗಂಡನ ಕೈಲಿ ರಾತ್ರಿ ಫೋನ್ ಮಾಡಿಸ್ತಾಳೆ. ಮಗನ ಹಾಗೆ. ಅವರಿಬ್ಬರೂ ಮಾತಾಡ್ಕೊಂಡದ್ದು ನನ್ನ ಕಿವಿಗೆ ಬಿದ್ದಿದೆ."

ಅವಳು ಮಂಚದ ಅಂಚಿನಲ್ಲಿ ಕುಳಿತಳು. ಸಮಾಧಾನವಾಗಬೇಕಿತ್ತು. ಆಗಲಿಲ್ಲ.

"ಇವತ್ತಿಗೆ ನಿನ್ನ ಗಂಡನ ಕೆಲಸ ಮುಗೀತಂತಲ್ಲ. ಇನ್ಮೇಲೂ ಫೋನ್ ಮಾಡ್ತಾನಾ ಅಂತ ಕೇಳೋಣ ಅಂದ್ರೆ, ಅವನನ್ನೇ ಕೇಳೋ ಹಾಗಿಲ್ಲ."

"ಮಾಡ್ತಾರೆ," ಎಂದಳು. ತನ್ನ ಮಾತು ತನಗೇ ದೂರದಿಂದ ಕೇಳಿಸಿತು.

"ನಂಗೆ ಗೊತ್ತು ಅನ್ನೋದನ್ನ ಹೇಳ್ಬೇಡಮ್ಮ. ನಿಲ್ಲಿಸ್ಬಿಡ್ತಾನೆ."

"ಧ್ವನಿ ಬೇರೆ ಅನ್ನಿಸ್ತಾ ನಿಮಗೆ?"

"ಇಲ್ಲ. ಧ್ವನಿ ಅಚ್ಚು ಅವನದೇ. ಆದ್ರೆ ನನ್ನ ಮಗ ಮನೆ ಬಿಟ್ಟ ಮೇಲೆ ಒಂದು ಸಲಾನೂ ನಂಗೆ ಫೋನ್ ಮಾಡಿದವನಲ್ಲ. ಫೋನ್ ಬಂತು ನೋಡು, ಅವನು ಹೋಗಿದ್ದಾನೆ ಅಂತ ಆಗ್ಲೇ ಗೊತ್ತಾಯ್ತು."

ಕರೆ ಬಂದ ಗುರುತನ್ನು ಅವಳು ಫೋನಿನಿಂದ ಅಳಿಸಿದಳು. ಅಕ್ಕನಿಗೂ ಹೇಳುವುದಿಲ್ಲ. ಅವನಿಗಂತೂ ಇಲ್ಲ.