ತಕರಾರಿಲ್ಲದ ವಿಷಯ

"ಕೊನೆಗಾಲದಲ್ಲಿ ಚಮಚದಲ್ಲಿ ಔಷಧಿ ಕುಡಿಸಿದ್ದು ನಾನು. ಆಗ ನೀನು ಎಲ್ಲಿ ಹಾಳಾಗಿ ಹೋಗಿದ್ದೆ?"

"ಆಸ್ಪತ್ರೆಗೆ ಸೇರಿಸಿದ್ದು ಯಾರೋ? ಹೆಣಕ್ಕೆ ಹೆಗಲು ಕೊಟ್ಟಿದ್ದು ಯಾರು? ಬಂದುಬಿಟ್ಟ, ಚಮಚ ಹಿಡ್ಕೊಂಡು."

ಅಣ್ಣ ತಮ್ಮ ಇಬ್ಬರೂ ನ್ಯಾಯಾಲಯದ ನಡುವೆ ನಿಂತು ಕಿತ್ತಾಡುತ್ತಿದ್ದರು. ನ್ಯಾಯಾಧೀಶರು ಮೇಜು ಕುಟ್ಟಿದರು. ಸದ್ದು ಅಡಗಿತು. ಆ ನಿಶ್ಶಬ್ದದಲ್ಲಿ ಹಿಂದಿನ ಬೆಂಚಿನಿಂದ ಒಂದು ನಗೆ ಕೇಳಿಸಿತು.

ನಕ್ಕವಳು ಅರವತ್ತರ ಹೆಂಗಸು. ಬಸ್ಸಿಳಿದು ನೇರ ಬಂದವಳ ಹಾಗೆ ಮಡಿಲಲ್ಲಿ ಬಟ್ಟೆಯ ಚೀಲ ಇಟ್ಟುಕೊಂಡಿದ್ದಳು. "ಇನ್ನೊಂದು ಸಲ ನಕ್ಕರೆ ಹೊರಗೆ ಕಳಿಸ್ತೀನಿ" ಎಂದು ಜವಾನ ಗದರಿದ. ಅವಳು ಸೆರಗಿನಿಂದ ಬಾಯಿ ಒರೆಸಿಕೊಂಡಳು.

ಜಗಳ ಒಂದು ಹಿಟ್ಟಿನ ಗಿರಣಿಗಾಗಿ. ಎರಡು ಕಲ್ಲು, ಒಂದು ಮೋಟಾರು, ಬೀದಿಗೆ ತೆರೆದ ಬಾಗಿಲು, ಇಪ್ಪತ್ತೆಂಟು ವರ್ಷದ ಗಿರಾಕಿಗಳು. ಅದರ ಒಡೆಯರಾಗಿದ್ದ ಮೃತರು ಬಾಯಿಮಾತಿನಲ್ಲಿ ತನಗೇ ಕೊಟ್ಟರು ಎಂದು ಅಣ್ಣ. ಇಲ್ಲ, ತನಗೆ ಎಂದು ತಮ್ಮ.

"ಮೃತರ ಆಸ್ಪತ್ರೆಯ ಕಾಗದಪತ್ರ ತರಿಸಲು ಸಮಯ ಬೇಕು" ಎಂದರು ಅಣ್ಣನ ವಕೀಲರು.

"ಯಾಕೆ? ಸಾವಿನ ವಿಷಯದಲ್ಲಿ ಎದುರು ಕಡೆಯವರ ತಕರಾರಿದೆಯಾ?"

"ಇಲ್ಲ ಸ್ವಾಮಿ" ಎಂದರು ತಮ್ಮನ ವಕೀಲರು.

"ತಕರಾರಿಲ್ಲದ್ದಕ್ಕೆ ಕಾಗದ ಯಾಕೆ? ಮುಂದೆ ಹೋಗಿ."

ನ್ಯಾಯಾಧೀಶರು ಮೊದಲು ಹೀಗಿರಲಿಲ್ಲ. ಒಮ್ಮೆ ಇಬ್ಬರು ನೆರೆಯವರು ಒಂದು ಕಿಟಕಿಯ ಜಗಳ ತಂದಿದ್ದರು. ನ್ಯಾಯಾಧೀಶರು ಕಿಟಕಿಯ ಜೊತೆಗೆ ಗೋಡೆಯ ಎತ್ತರ, ಚರಂಡಿಯ ದಾರಿ, ನಾಯಿ ಕಟ್ಟುವ ಜಾಗ ಎಲ್ಲವನ್ನೂ ತೀರ್ಮಾನಿಸಿ ಕಳಿಸಿದ್ದರು. ನೆರೆಯವರಿಗೆ ಖುಷಿಯಾಗಿತ್ತು. ಮೇಲಿನ ಕೋರ್ಟಿಗೆ ಆಗಲಿಲ್ಲ. ಯಾರೂ ಕೇಳದ್ದನ್ನು ತೀರ್ಮಾನಿಸಲು ನೀವು ಯಾರು ಎಂದು ಒಂಬತ್ತು ಪುಟ ಬೈದು ಕಳಿಸಿತು. ಅಂದಿನಿಂದ ಅವರು ಕೇಳಿದ್ದರ ಒಂದು ಗೆರೆಯಾಚೆಗೂ ಕಾಲಿಡುತ್ತಿರಲಿಲ್ಲ.

"ಕಲ್ಲು ಹಾಕಿಸಿದಾಗ ಮೃತರ ಜೊತೆ ನಾನೊಬ್ಬನೇ ಇದ್ದೆ" ಎಂದ ತಮ್ಮ.

"ನಿನಗಾಗ ಆರು ವರ್ಷ ಕಣೋ. ಹಿಟ್ಟಿನ ಡಬ್ಬದೊಳಗೆ ಬಿದ್ದು ಅಳ್ತಿದ್ದೆ."

ಹೇಳಿದ್ದು ಹಿಂದಿನ ಬೆಂಚಿನ ಹೆಂಗಸು. ಈಗ ಎದ್ದು ನಿಂತಿದ್ದಳು.

"ಯಾರಮ್ಮ ನೀವು?" ನ್ಯಾಯಾಧೀಶರು ಕೇಳಿದರು.

"ಇಬ್ಬರೂ ನನ್ನ ತಮ್ಮಂದಿರು ಸ್ವಾಮಿ. ಗಿರಣಿ ಬಗ್ಗೆ ಒಂದು ಮಾತು ಹೇಳಬೇಕಿತ್ತು."

ಇಬ್ಬರು ವಕೀಲರೂ ಒಟ್ಟಿಗೆ ಎದ್ದರು. "ಅವರು ಈ ಕೇಸಿನಲ್ಲಿ ಇಲ್ಲ ಸ್ವಾಮಿ." ಅಣ್ಣ ನೆಲ ನೋಡುತ್ತಿದ್ದ. ತಮ್ಮ ಫ್ಯಾನು ನೋಡುತ್ತಿದ್ದ.

ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. ಒಡಹುಟ್ಟಿದವಳನ್ನು ಪಾಲಿನಿಂದ ಹೊರಗಿಟ್ಟ ಭೂಪರನ್ನು ಅವರು ಬೇಕಾದಷ್ಟು ನೋಡಿದ್ದರು. ಹಳೆಯ ಕಾಲವಾಗಿದ್ದರೆ ಇಬ್ಬರಿಗೂ ಬೆವರಿಳಿಸುತ್ತಿದ್ದರು. ಆದರೆ ಒಂಬತ್ತು ಪುಟ ನೆನಪಾಯಿತು.

"ನೋಡಮ್ಮ, ನನ್ನ ಮುಂದಿರೋ ಪ್ರಶ್ನೆ ಒಂದೇ. ಗಿರಣಿ ಅಣ್ಣನಿಗೋ, ತಮ್ಮನಿಗೋ. ಬೇರೇನನ್ನೂ ನಾನು ಕೇಳೋ ಹಾಗಿಲ್ಲ. ಕೂತ್ಕೊಳ್ಳಿ."

ಅವಳು ಕೂರಲಿಲ್ಲ. ಒಬ್ಬನ ಮುಖ ನೋಡಿದಳು, ಇನ್ನೊಬ್ಬನ ಮುಖ ನೋಡಿದಳು. ಒಬ್ಬನಾದರೂ ಬಾಯಿ ಬಿಡುತ್ತಾನೆಂದು ಕಾದಂತಿತ್ತು. ಆಮೇಲೆ ಕೂತಳು.

ಮಧ್ಯಾಹ್ನ ತೀರ್ಪು ಬಂತು. ಗಿರಣಿ ಅಣ್ಣನಿಗೆ. ತಮ್ಮ ಹಲ್ಲು ಕಡಿದ. ಅಣ್ಣ ಬೀಗದ ಕೈ ಜೇಬಿನಲ್ಲಿದೆಯೇ ಎಂದು ಮುಟ್ಟಿ ನೋಡಿಕೊಂಡ.

ನ್ಯಾಯಾಧೀಶರಿಗೆ ಸುಮ್ಮನಿರಲು ಆಗಲಿಲ್ಲ. "ಅಮ್ಮಾ, ನಿಮಗೂ ಪಾಲು ಬೇಕಿದ್ದರೆ ಬೇರೆ ಕೇಸು ಹಾಕಬಹುದು" ಎಂದರು. ಅಷ್ಟು ಹೇಳಿ ಅವಸರದಲ್ಲಿ ಕಡತ ಮುಚ್ಚಿದರು.

"ಪಾಲು ಯಾಕೆ ಸ್ವಾಮಿ ನನಗೆ? ಇವರಿಬ್ಬರು ಯಾವ ವಿಷಯಕ್ಕಾದರೂ ಒಂದಾಗ್ತಾರಾ ಅಂತ ಇಷ್ಟು ವರ್ಷ ಕಾದಿದ್ದೆ. ಇವತ್ತು ನೋಡಿದೆ. ಸಾಕು."

ಚೀಲ ಹೆಗಲಿಗೇರಿಸಿ ಹೊರಟಳು. ತಮ್ಮಂದಿರು ಅವಳಿಗೆ ದಾರಿ ಬಿಟ್ಟು ಗೋಡೆಗೆ ಅಂಟಿಕೊಂಡರು. ಬಾಗಿಲಲ್ಲಿ ಜವಾನ ಪುಸ್ತಕ ಹಿಡಿದು ತಡೆದ. ನಡುವೆ ಮಾತಾಡಿದವರನ್ನು ಬರೆದುಕೊಳ್ಳುವುದು ಅವನ ಕೆಲಸ.

"ಯಾರು ಅಂತ ಬರ್ಕೊಳ್ಳಲಮ್ಮ?"

"ನಿಮ್ಮ ಸಾಹೇಬರು ಆಗಲೇ ಬರೆದಾಯ್ತಲ್ಲಪ್ಪ, ತೀರ್ಪಿನ ಮೊದಲ ಸಾಲಲ್ಲೇ, 'ಗಿರಣಿಯ ಒಡೆಯರಾಗಿದ್ದ ಮೃತರು' ಅಂತ, ಅದು ನಾನೇ" ಎಂದು ಮೆಟ್ಟಿಲಿಳಿದು ಹೋದವಳು ಮತ್ತೆ ಆ ಕಡೆ ಬರಲಿಲ್ಲ.